ಕಸುಬು ಕೈಗೆ ಹತ್ತುವ ಬಗೆ

(ನಮ್ಮ ಹಾಲು ಉತ್ಪಾದಕರ ಸಹಕಾರ ಸಂಘದ ರಜತ ಮಹೋತ್ಸವದ ಅಂಗವಾಗಿ ಏರ್ಪಡಿಸಿದ್ದ ಸದಸ್ಯರ ಶಿಬಿರದಲ್ಲಿ ಸಂಘದ ನಿರ್ದೇಶಕರೊಬ್ಬರು ಮಾಡಿದ ಭಾಷಣ)



  ವಿಷಯ ಏನು ಅಂತ ಕೇಳಿದಾಗ ಕಾರ್ಯದರ್ಶಿಗಳು, "ಕೌಶಲ್ಯಾಭಿವೃದ್ಧಿ ಅಂತ ಹಾಕಿದ್ದೀವಿ, ಏನಾದ್ರೂ ಹೇಳಿ" ಅಂದ್ರು. ಕೌಶಲ್ಯಾಭಿವೃದ್ಧಿ ಅನ್ನೋದು ದೊಡ್ಡ ಮಾತು. ನಮ್ಮ ಮಾತಿನಲ್ಲಿ ಹೇಳೋದಾದ್ರೆ ಕಸುಬು ಕೈಗೆ ಹತ್ತೋದು. ಅದರಲ್ಲೂ ಕಾಲ ಬದಲಾದಾಗ ಕೈಗೆ ಹತ್ತಿದ ಕಸುಬು ಹೇಗೆ ಉಳಿಯುತ್ತೆ, ಇಲ್ಲವೇ ಹೊಸದು ಹೇಗೆ ಹತ್ತುತ್ತೆ ಅನ್ನೋ ವಿಚಾರ. ನಾನು ಎಸ್.ಎಸ್.ಎಲ್.ಸಿ. ತನಕ ಓದಿದವನು. ಪಂಡಿತರ ಹಾಗೆ ಹೇಳಲಾರೆ. ಕಂಡದ್ದು, ಪೆಟ್ಟು ತಿಂದದ್ದು ಹೇಳ್ತೀನಿ.

ಮೊದಲು ನನ್ನ ತಪ್ಪನ್ನೇ ಹೇಳಿಬಿಡ್ತೀನಿ. 2018ನೇ ಇಸವಿ, ಮಾಘ ಮಾಸ, ಮದುವೆ ಕಾಲ. ಹೆಸರಘಟ್ಟ ರಸ್ತೆ, ತುಮಕೂರು ರಸ್ತೆ ಎರಡರ ಮೇಲೂ ಛತ್ರಗಳು ತುಂಬಿದ್ದವು. ನಮ್ಮ ಪಕ್ಕದ ಕೊಟ್ಟಿಗೆಯವರು ಛತ್ರದಲ್ಲಿ ಮಿಕ್ಕ ಅನ್ನ ಡ್ರಮ್ಮಿನಲ್ಲಿ ತಂದು ಹಸುಗಳಿಗೆ ಹಾಕುತ್ತಿದ್ದರು. ಅವರ ಹಸುಗಳು ಚೆನ್ನಾಗಿಯೇ ಹಾಲು ಕೊಡುತ್ತಿದ್ದವು. ಹಿಂಡಿ, ಬೂಸದ ಬೆಲೆ ನೋಡಿ ನನಗೂ ಆಸೆ ಹುಟ್ಟಿತು. ಒಂದು ರಾತ್ರಿ ನಾನೂ ಹೋಗಿ ತಂದೆ. ಬೆಳಿಗ್ಗೆ ಗೌರಿಗೆ ಎರಡು ಬಕೆಟ್ಟು ಅನ್ನ ಹಾಕಿದೆ. ಅದು ಎಚ್.ಎಫ್. ಹಸು, ಎರಡನೇ ಸೂಲು, ಸಾಲ ಮಾಡಿ ತಂದಿದ್ದು. ಬಾಯಿ ಚಪ್ಪರಿಸಿಕೊಂಡು ತಿಂತು. ತಿನ್ನೋದು ನೋಡಿ ನನಗೂ ಸಂತೋಷ ಆಯ್ತು ಅಂತ ಹೇಳಲು ಇವತ್ತು ನಾಚಿಕೆಯಾಗುತ್ತೆ.

ಸಂಜೆ ಹೊತ್ತಿಗೆ ಮೆಲುಕು ನಿಲ್ಲಿಸಿತು. ರಾತ್ರಿ ಹಲ್ಲು ಕಡಿಯೋಕೆ ಶುರು, ನೀರಿನಂತೆ ಹುಳಿ ವಾಸನೆಯ ಭೇದಿ. ಮಧ್ಯರಾತ್ರಿ ಮಲಗಿದ್ದು ಏಳಲಿಲ್ಲ. ಡಾಕ್ಟರು ಬಂದರು, ಅಡಿಗೆ ಸೋಡಾ ಕುಡಿಸಿದರು, ಬಾಟಲಿ ಮೇಲೆ ಬಾಟಲಿ ಏರಿಸಿದರು. ಬೆಳಕು ಹರಿಯುವ ಹೊತ್ತಿಗೆ ಹೋಯಿತು. ವಿಮೆ ಮಾಡಿಸಿರಲಿಲ್ಲ. ನಮ್ಮ ತಾಯಿ ಮೂರು ದಿನ ನನ್ನ ಹತ್ತಿರ ಮಾತಾಡಲಿಲ್ಲ.

ಡಾಕ್ಟರು ಕೈ ತೊಳೆದುಕೊಳ್ಳುತ್ತಾ ಹೇಳಿದ್ದು ನನಗೆ ಈಗಲೂ ನೆನಪಿದೆ. ಹಸುವಿನ ಹೊಟ್ಟೆ ನಾಲ್ಕು ಅಂಕಣ. ಮೊದಲನೇ ದೊಡ್ಡ ಚೀಲದಲ್ಲಿ ಕಣ್ಣಿಗೆ ಕಾಣದ ಕೋಟ್ಯಂತರ ಜೀವಾಣುಗಳಿವೆ. ಹುಲ್ಲು ಜೀರ್ಣ ಮಾಡುವುದು ಹಸುವಲ್ಲ, ಅವು. ಹುಲ್ಲಿಗೆ ಒಗ್ಗಿದ ಜೀವಾಣುಗಳಿಗೆ ಒಂದೇ ಸಲಕ್ಕೆ ಎರಡು ಬಕೆಟ್ಟು ಅನ್ನ ಸುರಿದರೆ ಹುಳಿ ಮಾಡುವ ಜೀವಾಣುಗಳೇ ಮೇಲುಗೈಯಾಗಿ ಹೊಟ್ಟೆಯೆಲ್ಲ ಆಮ್ಲ ಆಗುತ್ತೆ. ಹೊಸ ಮೇವಿಗೆ ಅವು ಒಗ್ಗಿಕೊಳ್ಳಲು ಎರಡು ಮೂರು ವಾರ ಬೇಕು. "ನಿಮ್ಮ ಪಕ್ಕದವರು ತಿಂಗಳಿಂದ ಸ್ವಲ್ಪ ಸ್ವಲ್ಪವೇ ಅಭ್ಯಾಸ ಮಾಡಿಸಿದ್ದಾರೆ, ರಾಗಿ ಹುಲ್ಲಿನ ಜೊತೆ ಕಲಸಿ ಒಂದೊಂದು ಹಿಡಿ. ನೀವು ಅವರ ಕೈ ನೋಡಿದ್ರಿ, ಲೆಕ್ಕ ಕೇಳಲಿಲ್ಲ" ಅಂದ್ರು.

ಬಂಧುಗಳೇ, ನಾನು ಹುಟ್ಟಿದಾಗಿನಿಂದ ಹಸು ಕಂಡವನು. ಹಾಲು ಕರೆಯೋಕೆ ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆದರೂ ಮೇವು ಬದಲಾದ ಒಂದೇ ದಿನಕ್ಕೆ ನನ್ನ ಅಷ್ಟು ವರ್ಷದ ಅನುಭವ ಉಪಯೋಗಕ್ಕೆ ಬರಲಿಲ್ಲ. ಅವತ್ತಿನಿಂದ ನನಗೆ ಈ ಪ್ರಶ್ನೆ ಕಾಡುತ್ತಿದೆ. ಕೆಲಸ ಬರುತ್ತೆ ಅಂದ್ರೆ ಏನು? ಕೈಗೆ ಮಾತ್ರ ಬಂದಿದ್ದರೆ ಸಾಕಾ?

ನಮ್ಮ ಸೀಮೆಯ ಜನಕ್ಕೆ ಈ ಪ್ರಶ್ನೆ ಬೇರೆ ಊರಿನವರಿಗಿಂತ ಜಾಸ್ತಿ ಹತ್ತಿರದ್ದು. ದಾಸರಹಳ್ಳಿ ಸುತ್ತ ಒಂದೇ ಮನೆಯಲ್ಲಿ ಅಜ್ಜ, ಅಪ್ಪ, ಮಗ ಮೂರು ಜನ ಮೂರು ಕಸುಬು ಮಾಡಿದ್ದಾರೆ. ನಮ್ಮ ಮನೆಯಲ್ಲೇ ನೋಡಿ.

ನಮ್ಮ ತಾತನದು ಬರೀ ರಾಗಿ, ಅವರೆ, ಹುಚ್ಚೆಳ್ಳು. ಅವರು ಮಳೆ ಬಿದ್ದ ಮೇಲೆ ಹೊಲಕ್ಕೆ ಹೋಗಿ ಒಂದು ಹಿಡಿ ಮಣ್ಣು ಎತ್ತಿ ಅದುಮಿ ಬಿಡುತ್ತಿದ್ದರು. ಉಂಡೆ ಕಟ್ಟಿ, ಹೆಬ್ಬೆರಳು ತಾಗಿಸಿದರೆ ಒಡೆದರೆ ಹದ. ಅಂಟಿಕೊಂಡರೆ ಇನ್ನೂ ಒಂದು ದಿನ. ಇಂಥವರ ಹತ್ತಿರಕ್ಕೆ ಹೊಸ ರಾಗಿ ಬಂತು. ರಾಗಿ ಲಕ್ಷ್ಮಣಯ್ಯ ಎಂದೇ ಹೆಸರಾದ ವಿಜ್ಞಾನಿ ನಮ್ಮ ದೇಶದ ರಾಗಿಗೂ ಆಫ್ರಿಕಾದ ರಾಗಿಗೂ ಸಂಕರ ಮಾಡಿ ತೆಗೆದ ಇಂಡಾಫ್ ತಳಿಗಳು. ತಾತ ಮೊದಲ ವರ್ಷ ಬೈದುಕೊಂಡೇ ಕಾಲು ಎಕರೆಗೆ ಮಾತ್ರ ಹಾಕಿದರಂತೆ. ಆ ಕಾಲು ಎಕರೆಯಲ್ಲಿ ತೆನೆ ಯಾವಾಗ ಬಂತು, ಹುಲ್ಲು ಎಷ್ಟಾಯ್ತು, ಹಸು ಆ ಹುಲ್ಲು ಮೂಸುತ್ತೋ ಇಲ್ಲವೋ ಎಲ್ಲ ನೋಡಿದರು. ಮೂರನೇ ವರ್ಷಕ್ಕೆ ಪೂರ್ತಿ ಹೊಲ ಅದೇ. ಆಮೇಲೆ ಜಿ.ಕೆ.ವಿ.ಕೆ.ಯಿಂದ ಜಿ.ಪಿ.ಯು. 28 ಬಂದಾಗ, ಬೆಂಕಿ ರೋಗ ತಡೆಯುತ್ತೆ ಅಂತ ಕೇಳಿ, ಅದನ್ನೂ ಮೊದಲು ಒಂದು ಮೂಲೆಗೇ ಹಾಕಿದರು. ಅಕ್ಷರ ಬಾರದ ಮನುಷ್ಯ. ಹೆಬ್ಬಾಳದಲ್ಲಿ 1899ರಲ್ಲೇ ಮೂವತ್ತು ಎಕರೆಯಲ್ಲಿ ಪ್ರಯೋಗದ ಹೊಲ ಶುರುವಾಗಿ, 1964ರ ಹೊತ್ತಿಗೆ ಕೃಷಿ ವಿಶ್ವವಿದ್ಯಾನಿಲಯ ಆಯಿತಲ್ಲ, ಅಲ್ಲಿ ವಿಜ್ಞಾನಿಗಳು ಮಾಡುವುದನ್ನೇ ಈತ ಬದುವಿನ ಪಕ್ಕ ಮಾಡುತ್ತಿದ್ದ. ನಾನು ಗೌರಿಗೆ ಎರಡು ಬಕೆಟ್ಟು ಸುರಿಯುವಾಗ ತಾತನ ಆ ಕಾಲು ಎಕರೆ ನೆನಪಾಗಲಿಲ್ಲ.

ನಮ್ಮ ತಂದೆಯವರ ಕಾಲಕ್ಕೆ, 1970ರ ದಶಕದ ಕೊನೆಯಲ್ಲಿ, ಪೀಣ್ಯ ಕೈಗಾರಿಕಾ ಪ್ರದೇಶ ಬಂತು. ಅದಕ್ಕೂ ಮುಂಚೆ ಜಾಲಹಳ್ಳಿ ಕಡೆ 1953ರಲ್ಲಿ ಎಚ್.ಎಂ.ಟಿ., 1954ರಲ್ಲಿ ಬಿ.ಇ.ಎಲ್. ಬಂದು ಸೈರನ್ನು ಕೂಗುವುದು ಊರಿಗೆ ಅಭ್ಯಾಸವಾಗಿತ್ತು. ಆದರೆ ಪೀಣ್ಯ ನಮ್ಮ ಹೊಲದ ಮೇಲೇ ಬಂತು. ಪರಿಹಾರದ ವಿಚಾರ ಇವತ್ತು ಬೇಡ, ಅದು ಶುರು ಮಾಡಿದರೆ ಊಟಕ್ಕೆ ಏಳಲ್ಲ. ತಂದೆಯವರು ಒಂದು ಲೇತ್ ಅಂಗಡಿಗೆ ಹೆಲ್ಪರ್ ಆಗಿ ಸೇರಿದರು. ನೇಗಿಲು ಹಿಡಿದ ಕೈ. ಮೊದಲ ಆರು ತಿಂಗಳು ತುಂಡು ಗುಡಿಸುವುದು, ಟೀ ತರುವುದು. ಮೇಸ್ತ್ರಿ ಏನೂ ಹೇಳಿಕೊಡುತ್ತಿರಲಿಲ್ಲವಂತೆ, "ನೋಡ್ಕೊ" ಅಷ್ಟೇ. ತಂದೆ ನೋಡಿಕೊಂಡರು. ಸುರುಳಿ ಸುರುಳಿಯಾಗಿ ಬೀಳುವ ಕಬ್ಬಿಣದ ಹೊಟ್ಟಿನ ಬಣ್ಣ, ಟೂಲು ಮಾಡುವ ಸದ್ದು, ಕೈಗೆ ಬರುವ ನಡುಕ. ಮಣ್ಣಿನ ಹದ ನೋಡಿದ ಹಾಗೆಯೇ ಕಬ್ಬಿಣದ ಹದ ನೋಡಿದೆ ಅನ್ನೋರು. ಇದು ಪೂರ್ತಿ ನಿಜವೋ, ಮಗನಿಗೆ ಹೇಳುವಾಗ ಸೇರಿಸಿದ್ದೋ ನನಗೆ ಗೊತ್ತಿಲ್ಲ. ಆದರೆ ನಾಲ್ಕು ವರ್ಷಕ್ಕೆ ಟರ್ನರ್ ಆದದ್ದಂತೂ ನಿಜ.

ಆಮೇಲೆ ಕಂಪ್ಯೂಟರ್ ಹಾಕಿದ ಮೆಷಿನ್ನುಗಳು ಬಂದವು. ಗುಂಡಿ ಒತ್ತಿದರೆ ತಾನೇ ಕೊರೆಯುತ್ತೆ. ಐ.ಟಿ.ಐ., ಟೂಲ್ ರೂಮ್ ತರಬೇತಿ ಮುಗಿಸಿದ ಹುಡುಗರು ಬಂದರು. ತಂದೆಯ ವಯಸ್ಸಿನವರು ಎಷ್ಟೋ ಜನ ಮನೆಗೆ ಹೋದರು. ತಂದೆ ಉಳಿದುಕೊಂಡರು. ಹೇಗೆ ಅಂದ್ರೆ, ಒಂದು ದಿನ ಹೊಸ ಮೆಷಿನ್ನಿನಲ್ಲಿ ಮಾಲು ಗೀರು ಗೀರಾಗಿ ಬರೋಕೆ ಶುರುವಾಯ್ತು. ಹುಡುಗರು ಪ್ರೋಗ್ರಾಂ ಎರಡು ಸಲ ತಿರುವಿ ನೋಡಿದರು, ಅದರಲ್ಲಿ ತಪ್ಪಿಲ್ಲ. ತಂದೆ ಬಾಗಿಲಲ್ಲಿ ನಿಂತು ಸದ್ದು ಕೇಳಿಯೇ, "ಟೂಲು ಜಾಸ್ತಿ ಹೊರಕ್ಕೆ ಚಾಚಿದೆ, ಅದಕ್ಕೆ ಅದುರ್ತಾ ಇದೆ, ಒಳಕ್ಕೆ ಹಿಡೀರಿ" ಅಂದ್ರು. ಸರಿಹೋಯ್ತು. ಅವತ್ತಿನಿಂದ ಹುಡುಗರು ಅವರಿಗೆ ಗುಂಡಿ ಹೇಳಿಕೊಟ್ಟರು, ಇವರು ಹುಡುಗರಿಗೆ ಸದ್ದು ಹೇಳಿಕೊಟ್ಟರು. ಮೆಷಿನ್ನು ಬದಲಾದರೂ ಉದ್ದ ಚಾಚಿದ ಕೋಲು ಅದುರುವುದು ಬದಲಾಗಲಿಲ್ಲ. ಆ ಕಾರಣ ತಂದೆಗೆ ಗೊತ್ತಿತ್ತು. ಕಾರಣ ಗೊತ್ತಿಲ್ಲದೆ ಕೈ ಮಾತ್ರ ಪಳಗಿಸಿಕೊಂಡಿದ್ದವರಿಗೆ ಕಷ್ಟವಾಯ್ತು. ಆದರೆ "ನೋಡ್ಕೊ" ಅನ್ನುವ ಆ ಮೇಸ್ತ್ರಿಗಳ ಪದ್ಧತಿ ನನಗೆ ಒಪ್ಪಿಗೆಯಿಲ್ಲ. ಹತ್ತು ಜನ ನೋಡಿದರೆ ಇಬ್ಬರಿಗೆ ದಕ್ಕುತ್ತೆ, ಎಂಟು ಜನ ಗುಡಿಸುತ್ತಲೇ ಇರ್ತಾರೆ.

ನನ್ನ ಕಾಲಕ್ಕೆ ಮತ್ತೆ ಬದಲು. 2007ರಲ್ಲಿ ದಾಸರಹಳ್ಳಿ ನಗರಸಭೆ ಮಹಾನಗರ ಪಾಲಿಕೆಗೆ ಸೇರಿತು. 2015ರಲ್ಲಿ ಮೆಟ್ರೋ ನಾಗಸಂದ್ರಕ್ಕೆ ಬಂತು, 2024ರಲ್ಲಿ ಮಾದಾವರದ ತನಕ ಹೋಯ್ತು. ಗೋಮಾಳ ಹೋಯಿತು, ಕೆರೆ ಅಂಗಳ ಹೋಯಿತು. ಹಸು ಮಾತ್ರ ಉಳಿದಿದೆ, ಅದೂ ಸಿಮೆಂಟು ನೆಲದ ಮೇಲೆ, ಬಾಡಿಗೆ ಕಟ್ಟಡದ ಹಿಂದೆ, ಕೊಂಡು ತಂದ ಹುಲ್ಲು ತಿಂದುಕೊಂಡು. ಸಂಘ ಶುರುವಾದಾಗ ಹಾಲು ಹಾಕುತ್ತಿದ್ದ ಎಷ್ಟೋ ಮನೆಗಳಲ್ಲಿ ಇವತ್ತು ಹಸುವಿಲ್ಲ. "ಇನ್ನೆಷ್ಟು ದಿನ ಸಂಘ" ಅಂತ ಹೋದ ವಾರ್ಷಿಕ ಸಭೆಯಲ್ಲೇ ಒಬ್ಬರು ಕೇಳಿದರು. ನಾವು ಯಾರೂ ಉತ್ತರ ಕೊಡಲಿಲ್ಲ. ನನಗೂ ಪೂರ್ತಿ ಉತ್ತರ ಗೊತ್ತಿಲ್ಲ. ಹಸು ಇಟ್ಟುಕೊಂಡಿರುವವರು ಹೊಸ ಸ್ಥಿತಿಯಲ್ಲಿ ಹಸು ಸಾಕೋದು ಕಲಿತರೆ ಇನ್ನಷ್ಟು ದಿನ ನಡೆಯುತ್ತೆ, ಹಳೇ ಕೈಯಲ್ಲೇ ಸಾಕಿದರೆ ನನ್ನ ಗೌರಿ ಹಾಗೆ ಆಗುತ್ತೆ ಅನ್ನೋದು ಮಾತ್ರ ಗೊತ್ತು.

ಒಂದು ಉದಾಹರಣೆ ಹೇಳ್ತೀನಿ. ಹಸು ಬೆದೆಗೆ ಬಂದದ್ದು ಗುರುತಿಸುವುದು. ಹಿಂದೆ ದನ ಗೋಮಾಳಕ್ಕೆ ಹೋಗುತ್ತಿದ್ದವು. ಒಂದು ಇನ್ನೊಂದರ ಮೇಲೆ ಹತ್ತಿದರೆ ದನ ಕಾಯುವ ಹುಡುಗನೇ ಸಂಜೆ ಬಂದು ಹೇಳೋನು. ಈಗ ಹಗ್ಗ ಕಟ್ಟಿ ಸಿಮೆಂಟಿನ ಮೇಲೆ ನಿಲ್ಲಿಸಿದ್ದೇವೆ. ಹತ್ತುವುದಿರಲಿ, ಜಾರುತ್ತೇನೆ ಅಂತ ಕಾಲು ಎತ್ತುವುದಕ್ಕೂ ಹೆದರುತ್ತೆ. ಬೇಸಿಗೆಯಲ್ಲಂತೂ ಕೂಗುವುದೂ ಇಲ್ಲ. ಹೆಸರಘಟ್ಟದಲ್ಲಿ 1969ರಿಂದ ಹೆಪ್ಪುಗಟ್ಟಿಸಿದ ವೀರ್ಯ ತಯಾರಿಸುವ ಕೇಂದ್ರ ಸರ್ಕಾರದ ಸಂಸ್ಥೆ ಇದೆ, ಡೆನ್ಮಾರ್ಕ್ ದೇಶದ ನೆರವಿನಿಂದ ಆದದ್ದು. ದೇಶದ ಎಲ್ಲ ಕಡೆಯಿಂದ ಜನ ಅಲ್ಲಿ ತರಬೇತಿಗೆ ಬರುತ್ತಾರೆ. ಸೊನ್ನೆಗಿಂತ ಕೆಳಗೆ 196 ಡಿಗ್ರಿಯಲ್ಲಿಟ್ಟ ಕಡ್ಡಿಯಲ್ಲಿ ಒಳ್ಳೇ ಹೋರಿಯ ಬೀಜ ನಮ್ಮ ಬಾಗಿಲಿಗೇ ಬರುತ್ತೆ. ಬೆಳಿಗ್ಗೆ ಬೆದೆ ಕಂಡರೆ ಸಂಜೆ, ಸಂಜೆ ಕಂಡರೆ ಮರುದಿನ ಬೆಳಿಗ್ಗೆ ಹಾಕಿಸಿ ಅಂತ ಎಲ್ಲರೂ ಹೇಳ್ತಾರೆ. ಆದರೆ ಕಂಡರೆ ತಾನೇ? ನೋಡುವ ಕಣ್ಣು ನಮ್ಮ ಮನೆಯಲ್ಲಿಲ್ಲದಿದ್ದರೆ ಆ ವಿಜ್ಞಾನವೆಲ್ಲ ಡಬ್ಬದಲ್ಲೇ ಉಳಿಯುತ್ತೆ. ಬೆದೆ ತಪ್ಪಿದರೆ ಮತ್ತೆ ಇಪ್ಪತ್ತೊಂದು ದಿನ, ಅಷ್ಟೂ ದಿನದ ಮೇವು ದಂಡ.

ನಮ್ಮ ತಾಯಿ ಇದಕ್ಕೆ ಒಂದು ದಾರಿ ಮಾಡಿಕೊಂಡಿದ್ದಾರೆ. ಅವರಿಗೆ ಓದೋಕೆ ಬರಲ್ಲ. ಕ್ಯಾಲೆಂಡರಿನ ಮೇಲೆ ಬೆದೆ ಬಂದ ದಿನಕ್ಕೆ ಅರಿಶಿನದ ಬೊಟ್ಟು ಇಡ್ತಾರೆ. ಮೂರು ವಾರ ಕೆಳಕ್ಕೆ ಎಣಿಸಿ ಅಲ್ಲಿಂದ ಮುಂದಕ್ಕೂ ಹಿಂದಕ್ಕೂ ಎರಡು ದಿನ ಹುಷಾರಾಗಿರ್ತಾರೆ. ಅವತ್ತು ಹಾಲು ಸ್ವಲ್ಪ ಇಳೀತಾ, ಮೇವು ಅರ್ಧ ಬಿಡ್ತಾ, ಬಾಲಕ್ಕೆ ಲೋಳೆ ಒಣಗಿ ಅಂಟಿದೆಯಾ, ಪಕ್ಕದ ಹಸುವನ್ನು ನೆಕ್ತಾ ಇದೆಯಾ ಅಂತ ರಾತ್ರಿ ಮಲಗೋಕೆ ಮುಂಚೆ ಬ್ಯಾಟರಿ ಹಿಡಿದು ಒಂದು ಸಲ ನೋಡಿ ಬರ್ತಾರೆ. ಹಳೇ ಗುರುತು ಹೋಯಿತು ಅಂತ ಕೂತ್ಕೊಳ್ಳಲಿಲ್ಲ, ಹೊಸ ಗುರುತು ಹುಡುಕಿಕೊಂಡರು.

ಇನ್ನೊಂದು ವಿಷಯ, ಇದು ಹೇಳಲೇಬೇಕು ಅಂತ ಬಂದಿದ್ದೇನೆ. ಕಳೆದ ವರ್ಷ ನಮ್ಮ ಸಂಘದಲ್ಲೇ ನಡೆದದ್ದು. ಒಬ್ಬ ತಾಯಿಯ ಹಾಲು ದಿನಾ ಫ್ಯಾಟು ಕಡಿಮೆ ತೋರಿಸೋಕೆ ಶುರುವಾಯ್ತು. ಎಸ್.ಎನ್.ಎಫ್. ಸರಿಯಾಗಿದೆ, ಫ್ಯಾಟು ಮಾತ್ರ ಮೂರಕ್ಕಿಂತ ಕೆಳಗೆ. ಕೌಂಟರಿನಲ್ಲಿ ನಾಲ್ಕು ಜನರ ಮುಂದೆ "ಕೆನೆ ತೆಗೆದು ತರ್ತೀಯ" ಅನ್ನುವ ಮಾತು ಬಂತು. ಆ ತಾಯಿ ಪಾತ್ರೆ ಅಲ್ಲೇ ಇಟ್ಟು ಅಳುತ್ತಾ ಹೋದರು. ಎರಡು ದಿನ ಹಾಲು ತರಲಿಲ್ಲ. ನಿರ್ದೇಶಕನಾಗಿ ನಾನೂ ಅವತ್ತು ಅಲ್ಲೇ ನಿಂತಿದ್ದೆ, ಬಾಯಿ ಬಿಡಲಿಲ್ಲ. ಮೆಷಿನ್ನು ಸುಳ್ಳು ಹೇಳುತ್ತಾ ಅನ್ನೋದು ನನ್ನ ತಲೆಯಲ್ಲೂ ಇತ್ತು.

ಮೆಷಿನ್ನು ಸುಳ್ಳು ಹೇಳಲಿಲ್ಲ. ಆದರೆ ಎಷ್ಟು ಅಂತ ಹೇಳಿತೇ ಹೊರತು ಯಾಕೆ ಅಂತ ಹೇಳಲಿಲ್ಲ. ಮೂರನೇ ದಿನ ನಮ್ಮ ಹಳೇ ಹಾಲು ಪರೀಕ್ಷಕರು, ಈಗ ನಿವೃತ್ತರು, ಗರ್ಬರ್ ವಿಧಾನದಲ್ಲಿ ಆಸಿಡ್ಡು ಹಾಕಿ ಗಾಜಿನ ಕೊಳವೆ ತಿರುಗಿಸಿ ಫ್ಯಾಟು ತೆಗೆಯುತ್ತಿದ್ದ ಕಾಲದವರು, ಬೆಳಗಿನ ಜಾವ ಆ ತಾಯಿಯ ಕೊಟ್ಟಿಗೆಗೇ ಹೋದರು. ಹೋಗಿ ಸುಮ್ಮನೆ ಕೂತರು. ಹಾಲು ಕರೆಯುತ್ತಿದ್ದದ್ದು ಮಗ. ಅವನಿಗೆ ಆರು ಗಂಟೆಗೆ ಕಾರ್ಖಾನೆಯಲ್ಲಿ ಶಿಫ್ಟು. ಬೇಗ ಬೇಗ ಕರೆದು, ಕೊನೇದು ಕರುವಿಗೆ ಬಿಟ್ಟು ಓಡುತ್ತಿದ್ದ. ಪರೀಕ್ಷಕರು ಎರಡು ಲೋಟ ತೆಗೆದುಕೊಂಡು ಮೊದಲ ಹಾಲು ಒಂದಕ್ಕೆ, ಕೊನೇ ಹಾಲು ಒಂದಕ್ಕೆ ಹಿಡಿದು ತಂದು ಪರೀಕ್ಷೆ ಮಾಡಿದರು. ಮೊದಲಿನದರಲ್ಲಿ ಫ್ಯಾಟು ಎರಡೂ ಇಲ್ಲ. ಕೊನೆಯದರಲ್ಲಿ ಏಳು ದಾಟಿತ್ತು. ಕೆಚ್ಚಲಲ್ಲಿ ಜಿಡ್ಡು ಕೊನೆಗೆ ಇಳಿಯುತ್ತೆ. ಆ ಮನೆಯ ಕೆನೆಯೆಲ್ಲ ಕರು ಕುಡಿಯುತ್ತಿತ್ತು! ಜೊತೆಗೆ ಹುಲ್ಲು ದುಬಾರಿ ಅಂತ ಮಾರ್ಕೆಟ್ಟಿನ ಸೊಪ್ಪು ತರಕಾರಿ ಸಿಪ್ಪೆಯೇ ಹೆಚ್ಚು ಹಾಕುತ್ತಿದ್ದರು. ನಾರು ಕಡಿಮೆಯಾದರೆ ಹಾಲಿನಲ್ಲಿ ಜಿಡ್ಡು ಇಳಿಯುತ್ತೆ. ಕರುವಿಗೆ ಮೊದಲೇ ಕುಡಿಸಿ, ಆಮೇಲೆ ಪೂರ್ತಿ ಹಿಂಡಿ ಕರೆಯೋಕೆ ಹೇಳಿದರು, ದಿನಾ ಎರಡು ಹೊರೆ ಒಣಹುಲ್ಲು ಸೇರಿಸಿದರು. ಎರಡು ವಾರದಲ್ಲಿ ಫ್ಯಾಟು ಮೂರೂವರೆ ದಾಟಿತು.

ಆ ತಾಯಿ ಇವತ್ತು ಇಲ್ಲೇ ಕುಳಿತಿದ್ದಾರೆ. ಹೆಸರು ಹೇಳಲ್ಲ, ಅವರಿಗೆ ಇಷ್ಟವಿಲ್ಲ. ಅಮ್ಮಾ, ಅವತ್ತು ನಾನು ಸುಮ್ಮನೆ ನಿಂತದ್ದು ತಪ್ಪು. ಈ ಸಭೆಯಲ್ಲಿ ಕ್ಷಮೆ ಕೇಳ್ತೀನಿ.

ಈಗ ಯೋಚನೆ ಮಾಡಿ. ಹೊಸ ಪರೀಕ್ಷಕ ಹುಡುಗ ದಡ್ಡನಲ್ಲ. ಮೆಷಿನ್ನು ತೊಳೆಯೋದು, ಸರಿ ಹೊಂದಿಸೋದು, ಕಂಪ್ಯೂಟರಿಗೆ ಹಾಕೋದು ಎಲ್ಲದರಲ್ಲೂ ಚುರುಕು. ಒಂದು ಗಂಟೆಯಲ್ಲಿ ಎಲ್ಲರ ಹಾಲೂ ತೆಗೆದುಕೊಳ್ತಾನೆ. ಹಳೇ ಪರೀಕ್ಷಕರು ಅಷ್ಟು ಬೇಗ ಮಾಡ್ತಿರಲಿಲ್ಲ. ಆದರೆ ಎಂದೂ ಬಾರದ ತೊಡಕು ಬಂದಾಗ ಹಳಬರಿಗೆ ಎಲ್ಲಿಗೆ ಹೋಗಿ ನೋಡಬೇಕು ಅಂತ ಗೊತ್ತಿತ್ತು.

ಬಿ.ಎಡ್. ಓದುತ್ತಿರುವ ನನ್ನ ಅಣ್ಣನ ಮಗಳಿಗೆ ಈ ಕಥೆ ಹೇಳಿದೆ. ಅವಳು ನಗುತ್ತಾ, "ಚಿಕ್ಕಪ್ಪ, ಇದು ನಮ್ಮ ಪಾಠದಲ್ಲೇ ಇದೆ" ಅಂದಳು. ಜಪಾನಿನಲ್ಲಿ ಹತಾನೊ ಅಂತ ಒಬ್ಬ ಮನಶ್ಶಾಸ್ತ್ರಜ್ಞ, ಇನಗಾಕಿ ಅನ್ನುವವರ ಜೊತೆ 1986ರಲ್ಲಿ ಬರೆದಿದ್ದಾರಂತೆ. ನೈಪುಣ್ಯ ಎರಡು ಥರ. ಒಂದು ವಾಡಿಕೆಯ ನೈಪುಣ್ಯ. ಅದೇ ಕೆಲಸ ಅದೇ ಸ್ಥಿತಿಯಲ್ಲಿ ಮಾಡೋದಾದ್ರೆ ಬಹಳ ವೇಗ, ತಪ್ಪಿಲ್ಲ. ಇನ್ನೊಂದು ಒಗ್ಗುವ ನೈಪುಣ್ಯ. ಸ್ಥಿತಿ ಬದಲಾದರೆ ಕೆಲಸವನ್ನೂ ಬದಲಾಯಿಸಿಕೊಳ್ಳೋದು, ಯಾಕಂದ್ರೆ ಕೆಲಸದ ಹಿಂದಿನ ಕಾರಣ ಗೊತ್ತು. ಮಣಿಚೌಕಟ್ಟಿನಲ್ಲಿ ಮಿಂಚಿನ ಹಾಗೆ ಲೆಕ್ಕ ಮಾಡುವವರನ್ನು ಈತ ಪರೀಕ್ಷೆ ಮಾಡಿ ನೋಡಿದ್ದರಂತೆ. ಎರಡನೇ ಥರದ ನೈಪುಣ್ಯ ಎಂಥ ಕಡೆ ಬೆಳೆಯುತ್ತೆ ಅಂತಲೂ ಹೇಳಿದ್ದಾರೆ. ಕೆಲಸ ದಿನಾ ಒಂದೇ ಥರ ಇರದೆ ಏರುಪೇರು ಇರಬೇಕು. ತಪ್ಪಿದರೆ ತಲೆ ಹೋಗುತ್ತೆ ಅನ್ನೋ ಒತ್ತಡ ಇರಬಾರದು. ಸುತ್ತಲಿನವರು "ಬೇಗ ಮುಗಿಸು" ಅನ್ನೋದಕ್ಕಿಂತ "ಯಾಕೆ ಹೀಗಾಯ್ತು" ಅಂತ ಕೇಳೋರಾಗಿರಬೇಕು. ಏರುಪೇರಿಗೆ ನಮ್ಮಲ್ಲಿ ಬರವಿಲ್ಲ. ಮಿಕ್ಕ ಎರಡು ನಮ್ಮ ಕೌಂಟರಿನಲ್ಲಿ ಇದೆಯಾ ಅಂತ ನಾವೇ ಕೇಳಿಕೊಳ್ಳಬೇಕು.

ಅವಳು ಹೇಳಿದ ಇನ್ನೊಂದು ನನಗೆ ಬಹಳ ಹಿಡಿಸಿತು, ಯಾಕಂದ್ರೆ ಅದು ಹಾಲಿನದೇ. ಅಮೆರಿಕಾದ ಬಾಲ್ಟಿಮೋರ್ ಊರಿನ ಒಂದು ಹಾಲಿನ ಡೈರಿಯಲ್ಲಿ ಸಿಲ್ವಿಯಾ ಸ್ಕ್ರಿಬ್ನರ್ ಅನ್ನುವ ವಿದ್ವಾಂಸೆ ಕೆಲಸಗಾರರ ಜೊತೆ ನಿಂತು ನೋಡಿದರಂತೆ. ಕ್ರೇಟಿಗೆ ಹದಿನಾರು ಡಬ್ಬಿ. ಕೂಲಿಯವನ ಕೈಗೆ ಚೀಟಿ ಬರುತ್ತೆ, ಒಂದು ಕ್ರೇಟಿಗೆ ಆರು ಕಡಿಮೆ ಅಂತ. ಅಂದ್ರೆ ಹತ್ತು. ಲೆಕ್ಕದ ಪ್ರಕಾರ ತುಂಬಿದ ಕ್ರೇಟಿನಿಂದ ಆರು ತೆಗೀಬೇಕು. ಆದರೆ ಪಕ್ಕದಲ್ಲಿ ಎಂಟು ಡಬ್ಬಿ ಇರುವ ಅರೆ ಕ್ರೇಟು ಇದ್ದರೆ, ಅನುಭವಸ್ಥ ಕೂಲಿ ಅದಕ್ಕೆ ಎರಡು ಸೇರಿಸಿ ತಳ್ಳುತ್ತಾನೆ. ಬಗ್ಗುವುದು ಕಡಿಮೆ, ಕೈ ಎತ್ತುವುದು ಕಡಿಮೆ. ಪೆನ್ನು ಕಾಗದ ಮುಟ್ಟಲ್ಲ. ಹೊಸದಾಗಿ ಬಂದವರು, ಶಾಲೆಯಲ್ಲಿ ಕಲಿತ ಹುಡುಗರು, ಚೀಟಿಯಲ್ಲಿ ಬರೆದ ಹಾಗೆಯೇ ಮಾಡುತ್ತಿದ್ದರಂತೆ. ಆ ಕೂಲಿಯವರದು ಬುದ್ಧಿಯ ಕೆಲಸ ಅಂತ ಆಕೆ ಬರೆದಿದ್ದಾರೆ. ನಮ್ಮಲ್ಲಿ ಕ್ಯಾನು ಎತ್ತುವವನಿಗೆ ಯಾರಾದರೂ ಬುದ್ಧಿವಂತ ಅಂದದ್ದು ಕೇಳಿದ್ದೀರಾ?

ಬ್ರೆಜಿಲ್ ದೇಶದ್ದೂ ಒಂದಿದೆ. ಅಲ್ಲಿ ರೆಸಿಫೆ ಪಟ್ಟಣದ ಬೀದಿಯಲ್ಲಿ ತೆಂಗಿನಕಾಯಿ ಮಾರುವ ಮಕ್ಕಳು ವ್ಯಾಪಾರದಲ್ಲಿ ನೂರಕ್ಕೆ 98 ಲೆಕ್ಕ ಸರಿ ಹೇಳಿದರು. ಅದೇ ಲೆಕ್ಕ ಕಾಗದದ ಮೇಲೆ ಅಂಕಿಯಲ್ಲಿ ಬರೆದು ಕೊಟ್ಟರೆ ನೂರಕ್ಕೆ 37 ಮಾತ್ರ ಸರಿ. 1985ರಲ್ಲಿ ಅಚ್ಚಾದ ಅಧ್ಯಯನ. ನಮ್ಮ ತಾಯಿ ಹದಿನೈದು ದಿನದ ಬಟವಾಡೆ ಬೆರಳ ಗಿಣ್ಣಿನಲ್ಲಿ ಎಣಿಸಿ ಹೇಳ್ತಾರೆ, ಪಾಸ್‌ಬುಕ್ ಕೊಟ್ಟರೆ ಕೈ ನಡುಗುತ್ತೆ. ಹೀಗಿರುವಾಗ ಪಾಸ್‌ಬುಕ್ ನೋಡಿ ನಾವು ಜನರನ್ನು ಅಳೆಯೋದು ಎಷ್ಟು ಸರಿ? ಆದರೆ ಇದಕ್ಕೆ ಇನ್ನೊಂದು ಮುಖವೂ ಇದೆ. ಬೆರಳ ಲೆಕ್ಕದಲ್ಲೇ ನಿಂತರೆ ಇವತ್ತು ಮೋಸ ಹೋಗ್ತೀವಿ. ದುಡ್ಡೆಲ್ಲ ಬ್ಯಾಂಕಿಗೇ ಬರೋದು, ಸರ್ಕಾರದ ಪ್ರೋತ್ಸಾಹಧನವೂ ಖಾತೆಗೇ. ಆದ್ದರಿಂದ ತಾಯಿಗೆ ಬೆರಳ ಲೆಕ್ಕವನ್ನೇ ಹಿಡಿದುಕೊಂಡು ಫೋನಿನಲ್ಲಿ ಬರುವ ಸಂದೇಶದ ಅಂಕಿ ಗುರುತಿಸೋದು ಮೊಮ್ಮಗಳು ಕಲಿಸುತ್ತಿದ್ದಾಳೆ. "ಎಷ್ಟು ಬರಬೇಕು ಅಂತ ನೀನು ಮೊದಲು ಹೇಳು ಅಜ್ಜಿ, ಆಮೇಲೆ ಫೋನು ನೋಡೋಣ" ಅಂತಾಳೆ. ಎರಡು ಸಲ ಫೋನಿಗಿಂತ ಅಜ್ಜಿಯದೇ ಸರಿಯಾಗಿತ್ತು, ಒಂದು ದಿನದ ಹಾಲು ಬಿಟ್ಟುಹೋಗಿತ್ತು. ಕಾರ್ಯದರ್ಶಿಗಳು ನಗ್ತಾ ಇದ್ದಾರೆ, ಅವರಿಗೆ ಗೊತ್ತು.

ಸಹಕಾರ ಸಂಘ ಅಂದ ಮೇಲೆ ಎರಡು ಮಾತು ಹಳೇದು ಹೇಳಬೇಕು. ಇಂಗ್ಲೆಂಡಿನ ರಾಚ್‌ಡೇಲ್‌ನಲ್ಲಿ 1844ರಲ್ಲಿ 28 ಜನ ಕೂಡಿ ಅಂಗಡಿ ತೆಗೆದಾಗ, ಕೆಲವೇ ವರ್ಷದಲ್ಲಿ ಓದುವ ಕೋಣೆಯನ್ನೂ ಮಾಡಿ, ಲಾಭದಲ್ಲಿ ನೂರಕ್ಕೆ ಎರಡೂವರೆ ಪಾಲು ಸದಸ್ಯರ ವಿದ್ಯೆಗೆ ಎತ್ತಿಟ್ಟರು. ನಮ್ಮ ನಾಡಿನಲ್ಲಿ 1905ರಲ್ಲಿ ಗದಗದ ಹತ್ತಿರ ಕಣಗಿನಹಾಳದಲ್ಲಿ ಸಿದ್ಧನಗೌಡ ಪಾಟೀಲರು ಮೊದಲ ಸಂಘ ಕಟ್ಟಿದರು. ನಮ್ಮ ಬೆಂಗಳೂರು ಡೈರಿ 1965ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಗಳ ಕೈಯಲ್ಲಿ ಉದ್ಘಾಟನೆ ಆಯಿತು. ಇದೆಲ್ಲ ಇಲ್ಲಿ ಎಲ್ಲರ ಭಾಷಣದಲ್ಲೂ ಬಂದಿದೆ. ನಾನು ಹೇಳೋದು ಆ ವಿದ್ಯೆಯ ಪಾಲಿನ ವಿಚಾರ. ನಾವೂ ಪ್ರತಿ ವರ್ಷ ಸಹಕಾರ ಶಿಕ್ಷಣ ನಿಧಿಗೆ ಚೆಕ್ಕು ಬರೆದು ಕಳಿಸ್ತೀವಿ. ಅಲ್ಲಿಗೆ ನಮ್ಮ ಕರ್ತವ್ಯ ಮುಗೀತು ಅಂದ್ಕೊಳ್ತೀವಿ. ವರ್ಷಕ್ಕೊಂದು ಸಲ ಯಾರಾದರೂ ಬಂದು ಶಾಮಿಯಾನದಲ್ಲಿ ಉಪನ್ಯಾಸ ಕೊಡ್ತಾರೆ, ನಾವು ಊಟ ಮಾಡಿ ಹೋಗ್ತೀವಿ. ಅಧಿಕಾರಿಗಳು ಬೇಜಾರು ಮಾಡ್ಕೋಬಾರದು, ಉಪನ್ಯಾಸ ಬೇಡ ಅಂತ ನಾನು ಹೇಳ್ತಿಲ್ಲ. ಅನ್ನದಿಂದ ಹಸು ಸಾಯುತ್ತೆ ಅಂತ ನಾನೂ ಒಂದು ಉಪನ್ಯಾಸದಲ್ಲಿ ಕೇಳಿದ್ದೆ. ನಿಜವಾಗಿ ಕೇಳಿದ್ದೆ. ತಲೆದೂಗಿದ್ದೆ. ಎರಡು ಬಕೆಟ್ಟು ಕೈಯಲ್ಲಿ ಹಿಡಿದಾಗ ಅದು ನೆನಪಿಗೆ ಬರಲಿಲ್ಲ. ಪಕ್ಕದವರು "ಮೊದಲ ವಾರ ಇಷ್ಟೇ" ಅಂತ ಬೊಗಸೆ ತೋರಿಸಿದ್ದರೆ ನೆನಪಿರುತ್ತಿತ್ತು.

ಅವರೂ ತೋರಿಸಲಿಲ್ಲ, ನಾನೂ ಕೇಳಲಿಲ್ಲ. ನಾಚಿಕೆ. ನಲವತ್ತು ವರ್ಷದವನು, ಸಂಘದ ನಿರ್ದೇಶಕ, ಹಸುವಿಗೆ ಏನು ಹಾಕಬೇಕು ಅಂತ ಪಕ್ಕದವರ ಕೇಳೋದಾ ಅಂತ. ಹೆಣ್ಣುಮಕ್ಕಳಿಗೆ ಈ ಕಾಯಿಲೆ ಕಡಿಮೆ ಅಂತ ನನ್ನ ಅಭಿಪ್ರಾಯ. ಹಾಲು ಹಾಕಿ ಹೋಗುವಾಗ ಕಟ್ಟೆಯ ಮೇಲೆ ಹತ್ತು ನಿಮಿಷ ನಿಂತು ಅವರು ಆಡುವ ಮಾತಿನಲ್ಲಿ ಎಷ್ಟು ಔಷಧಿ, ಎಷ್ಟು ಲೆಕ್ಕ ಓಡಾಡುತ್ತೆ ಅಂತ ಗಮನಿಸಿದ್ದೀರಾ? ನಾವು ಅದಕ್ಕೆ ಹರಟೆ ಅಂತೀವಿ.

ಅಧ್ಯಕ್ಷರು ಗಡಿಯಾರ ನೋಡುತ್ತಿದ್ದಾರೆ. ಆಡಳಿತ ಮಂಡಳಿಯಲ್ಲಿ ಮಾತಾಡಿ ಒಪ್ಪಿಸಿಕೊಂಡಿರುವ ಒಂದು ಸಣ್ಣ ಕೆಲಸ ಹೇಳಿ ಮುಗಿಸ್ತೀನಿ. ಮುಂದಿನ ತಿಂಗಳಿಂದ ಪ್ರತಿ ಎರಡನೇ ಭಾನುವಾರ, ಬೆಳಗಿನ ಹಾಲು ಮುಗಿದ ಮೇಲೆ, ಒಬ್ಬ ಸದಸ್ಯರ ಕೊಟ್ಟಿಗೆಯಲ್ಲಿ ಒಂದು ಗಂಟೆ ಸೇರೋಣ. ಮೈಕು, ಹಾರ ಏನೂ ಇರಲ್ಲ. ಆ ಮನೆಯವರು ತಮಗೆ ಚೆನ್ನಾಗಿ ಬರುವ ಒಂದು ಕೆಲಸ ಮಾಡಿ ತೋರಿಸಬೇಕು, ಯಾಕೆ ಹಾಗೆ ಅಂತ ಹೇಳಬೇಕು. ತಮಗೆ ಕೆಟ್ಟುಹೋದ ಒಂದು ಕೆಲಸವನ್ನೂ ಹೇಳಬೇಕು, ಇದು ಕಡ್ಡಾಯ. ಪರೀಕ್ಷಕ ಹುಡುಗನೂ ಬರಬೇಕು, ಹಳೇ ಪರೀಕ್ಷಕರೂ ಬರಲು ಒಪ್ಪಿದ್ದಾರೆ. ಹೊಸ ಮೇವು, ಹೊಸ ಔಷಧಿ ಏನೇ ಇದ್ದರೂ ಯಾರಾದರೂ ಒಬ್ಬರು ಒಂದು ಹಸುವಿಗೆ ಮಾತ್ರ, ಸ್ವಲ್ಪವೇ ಹಾಕಿ ನೋಡಿ ಬಂದು ಹೇಳೋದು. ಆ ಹಸುವಿಗೆ ತೊಂದರೆಯಾದರೆ ಡಾಕ್ಟರ ಖರ್ಚು ಸಂಘದ್ದು ಅಂತ ಮಂಡಳಿ ಒಪ್ಪಿದೆ.

ಮೊದಲನೇ ಭಾನುವಾರ ನಮ್ಮ ಕೊಟ್ಟಿಗೆಯಲ್ಲಿ. ಬರುವವರು ದಯಮಾಡಿ ಎರಡು ಲೋಟ ತನ್ನಿ, ತಮ್ಮ ಹಸುವಿನ ಮೊದಲ ಹಾಲು ಒಂದರಲ್ಲಿ, ಕೊನೇ ಹಾಲು ಇನ್ನೊಂದರಲ್ಲಿ. ಬದಲಾಗದ ಹಾಗೆ ಹೆಸರು ಅಂಟಿಸಿ. ಫ್ಯಾಟು ಅಲ್ಲೇ ನೋಡೋಣ. ಗೌರಿ ಕಟ್ಟುತ್ತಿದ್ದ ಜಾಗದಲ್ಲಿ ಈಗ ಅದರ ಕರು ನಿಂತಿದೆ, ಅದಕ್ಕೂ ಈಗ ಎರಡನೇ ಸೂಲು. ಅದನ್ನೂ ನೋಡಿ ಹೋಗಬಹುದು. ಕಾಫಿ ನಮ್ಮ ತಾಯಿ ಮಾಡ್ತಾರೆ.